ಟಿವಿ ಬ್ರೈಟ್‌ನೆಸ್ ಏರಿಸಬೇಡಿ: ಪೆದ್ರೊ ಕೋಸ್ಟಾ ಬಗ್ಗೆ ಒಂದು ಉತ್ತರ

ಪ್ರಶ್ನೆ: ಗೆಳೆಯರೊಬ್ಬರು ಹೇಳಿದರೆಂದು ಪೋರ್ಚುಗಲ್‌ನ ಪೆದ್ರೊ ಕೋಸ್ಟಾ ಅವರ ‘ವಿತಾಲಿನಾ ವಾರೆಲಾ’ ನೋಡಲು ಕೂತೆ. ಮುಕ್ಕಾಲು ಸಿನಿಮಾ ಕತ್ತಲೆ. ಟಿವಿಯ ಬ್ರೈಟ್‌ನೆಸ್ ಪೂರ್ತಿ ಏರಿಸಿದರೂ ಅಷ್ಟೇ. ನಮ್ಮ ಮನೆಯವರು ಇಪ್ಪತ್ತು ನಿಮಿಷಕ್ಕೇ ಎದ್ದು ಹೋದರು. ನಾನು ಹಠ ಹಿಡಿದು ಕೊನೆಯವರೆಗೂ ಕೂತೆ. ಏನೋ ಒಂದು ಮನಸ್ಸಿನಲ್ಲಿ ಉಳಿದಿದೆ, ಏನಂತ ಹೇಳಲು ಬರುತ್ತಿಲ್ಲ. ಈ ನಿರ್ದೇಶಕ ಯಾರು? ಯಾಕೆ ಹೀಗೆ ತೆಗೆಯುತ್ತಾರೆ? ಬಡವರ ಕಷ್ಟವನ್ನು ಚೆಂದ ಮಾಡಿ ಚಿತ್ರೋತ್ಸವಗಳಲ್ಲಿ ಮಾರುವ ಕೆಲಸವಲ್ಲವೇ ಇದು? ಇನ್ನೊಂದು ನೋಡುವುದಾದರೆ ಯಾವುದು ನೋಡಲಿ? (ಓದುಗರೊಬ್ಬರು, ಧಾರವಾಡ)

ಉತ್ತರ: ಮೊದಲು ಆ ಬ್ರೈಟ್‌ನೆಸ್ ಇದ್ದಲ್ಲಿಗೇ ಇಳಿಸಿಬಿಡಿ. ಏರಿಸಿದಷ್ಟೂ ಕಪ್ಪು ಕಪ್ಪಾಗಿ ಉಳಿಯದೆ ಬೂದಿಯ ಬಣ್ಣಕ್ಕೆ ತಿರುಗುತ್ತದೆ. ಈ ಸಿನಿಮಾದಲ್ಲಿ ಕಾಣಬೇಕಾದದ್ದೆಲ್ಲ ಇರುವುದು ಕಪ್ಪಿಗೂ ಕಡುಗಪ್ಪಿಗೂ ನಡುವಿನ ಸಣ್ಣ ಅಂತರದಲ್ಲಿ. ಏರಿಸಿದ್ದರಿಂದ ನಿಮಗೆ ಕಂಡದ್ದು ಕಡಿಮೆಯೇ ಆಗಿದೆ.

ನಿಮ್ಮ ನಾಲ್ಕು ಪ್ರಶ್ನೆಗಳಲ್ಲಿ ನಾನು ಎರಡನೆಯದನ್ನೇ ಹಿಡಿದು ಹೊರಡುತ್ತೇನೆ, ಉಳಿದವು ಅದರ ಹಿಂದೆಯೇ ಬರುತ್ತವೆ. ಯಾಕೆ ಹೀಗೆ ತೆಗೆಯುತ್ತಾರೆ ಅಂದರೆ ಸಿನಿಮಾ ಬಲ್ಲವರು ಥಟ್ಟನೆ ರೆಂಬ್ರಾಂಟ್, ಕಾರವಾಜಿಯೊ ಎಂದು ಹಳೆಯ ಚಿತ್ರಕಾರರ ಹೆಸರು ಹೇಳುತ್ತಾರೆ. ಸುಳ್ಳೇನಲ್ಲ. ಆದರೆ ಆ ಕತ್ತಲೆಯ ಹುಟ್ಟು ಇಷ್ಟು ದೊಡ್ಡ ಸಂಗತಿಯಲ್ಲ. ಒಂದು ಕೊಳೆಗೇರಿಯ ಜನರಿಗೆ ಶೂಟಿಂಗ್ ಲೈಟಿನಿಂದ ರಾತ್ರಿ ನಿದ್ದೆ ಬರಲಿಲ್ಲ, ಅಲ್ಲಿಂದ ಶುರು.

ಕೋಸ್ಟಾ ಲಿಸ್ಬನ್‌ನವರು, ಈಗ ಅರವತ್ತು ದಾಟಿದೆ. ಇತಿಹಾಸ ಓದುತ್ತಿದ್ದವರು ಅಲ್ಲಿಯ ಫಿಲ್ಮ್ ಸ್ಕೂಲಿನ ಕಡೆ ಹೊರಳಿದರು. ಅಲ್ಲಿ ಸಿಕ್ಕ ಮೇಷ್ಟ್ರು ಆಂಟೋನಿಯೊ ರೈಸ್ ಕವಿ. ಮಾರ್ಗರಿದಾ ಕೊರ್ದೈರೊ ಜೊತೆ ಸೇರಿ 1976ರಲ್ಲಿ ದೇಶದ ಈಶಾನ್ಯ ಮೂಲೆಯ ಗುಡ್ಡಗಾಡಿನ ಹಳ್ಳಿಗರನ್ನೇ ಇಟ್ಟುಕೊಂಡು ಸಿನಿಮಾ ಮಾಡಿದ್ದವರು. ಹುಡುಗ ಕೋಸ್ಟಾಗೆ ಇತ್ತ ಪಂಕ್ ಸಂಗೀತದ ಹುಚ್ಚು, ಅತ್ತ ಜಾನ್ ಫೋರ್ಡ್, ಓಜು, ಬ್ರೆಸ್ಸೋನ್ ಎಂಬ ಹಳೆಯ ನಿರ್ದೇಶಕರ ಸಿನಿಮಾದ ಹುಚ್ಚು. 1989ರ ಮೊದಲ ಚಿತ್ರ ‘ರಕ್ತ’ದಲ್ಲಿ ಅದೆಲ್ಲ ಎದ್ದು ಕಾಣುತ್ತದೆ. ಕಪ್ಪು ಬಿಳುಪು, ಅಣ್ಣ ತಮ್ಮಂದಿರ ಕಥೆ, ಒಂದೊಂದು ಚೌಕಟ್ಟೂ ಕೆತ್ತಿಟ್ಟ ಹಾಗೆ. ಒಳ್ಳೆಯ ಚಿತ್ರವೇ. ಆದರೆ ಸಿನಿಮಾ ನೋಡಿ ನೋಡಿ ಬೆಳೆದವನ ಸಿನಿಮಾ ಅದು, ಪರದೆಯ ಆಚೆಗೆ ಯಾರ ಮನೆಯೂ ಇಲ್ಲ.

ಎರಡನೆಯದಕ್ಕೆ ಅವರು ಕೇಪ್ ವರ್ಡ್‌ಗೆ ಹೋದರು. ಆಫ್ರಿಕಾದ ಪಶ್ಚಿಮ ಕರಾವಳಿಯಾಚೆ ಅಟ್ಲಾಂಟಿಕ್‌ನಲ್ಲಿರುವ ಹತ್ತು ದ್ವೀಪಗಳ ದೇಶ, 1975ರವರೆಗೆ ಪೋರ್ಚುಗಲ್‌ನ ವಸಾಹತು. ಮಳೆ ಕೈಕೊಡುವ ನೆಲ. ಗಂಡಸರು ಲಿಸ್ಬನ್‌ಗೆ ಗಾರೆ ಕೆಲಸಕ್ಕೆ ಹೋಗುವುದು ಅಲ್ಲಿ ತಲೆಮಾರುಗಳಿಂದ ಬಂದದ್ದು. ನಿಮ್ಮ ಕಡೆ ಗುಳೆ ಹೋಗುವುದು ಅನ್ನುತ್ತೀರಲ್ಲ, ಅದೇ. ಆದರೆ ಇವರು ಮಳೆಗಾಲಕ್ಕೆ ತಿರುಗಿ ಬರುವುದಿಲ್ಲ, ಎಷ್ಟೋ ಜನ ತಿರುಗಿ ಬರುವುದೇ ಇಲ್ಲ. 1994ರ ‘ಲಾವಾ ಮನೆ’ಯ ಕಥೆಯೂ ಅಂಥದೇ. ಲಿಸ್ಬನ್‌ನಲ್ಲಿ ಕಟ್ಟಡದಿಂದ ಬಿದ್ದು ಎಚ್ಚರ ತಪ್ಪಿದ ಕೂಲಿಯೊಬ್ಬನನ್ನು ನರ್ಸ್ ಒಬ್ಬಳು ಅವನ ಊರಿಗೆ ಕರೆದೊಯ್ಯುತ್ತಾಳೆ. ಶೂಟಿಂಗ್ ನಡೆದದ್ದು ಫೋಗೊ ಎಂಬ ಜ್ವಾಲಾಮುಖಿಯ ದ್ವೀಪದಲ್ಲಿ.

ಆ ಚಿತ್ರಕ್ಕಿಂತ ಮುಖ್ಯವಾದದ್ದು ಆಮೇಲೆ ನಡೆಯಿತು. ಶೂಟಿಂಗ್ ಮುಗಿಸಿ ಹೊರಟಾಗ ದ್ವೀಪದ ಜನ ಲಿಸ್ಬನ್‌ನಲ್ಲಿರುವ ತಮ್ಮವರಿಗೆ ಕೊಡಿ ಎಂದು ಕಾಗದ, ಕಾಫಿ, ತಂಬಾಕು ಕಟ್ಟಿ ಕೊಟ್ಟರಂತೆ. ಅದನ್ನು ತಲುಪಿಸಲು ವಿಳಾಸ ಹುಡುಕುತ್ತಾ ಕೋಸ್ಟಾ ಮುಟ್ಟಿದ್ದು ಲಿಸ್ಬನ್ ಅಂಚಿನ ಅಮಡೋರಾ ಕಡೆಯ ಫೊಂತೈನ್ಯಾಸ್ ಎಂಬ ಕೇರಿಗೆ. ವಲಸಿಗರು ಸ್ವಂತ ಕೈಯಿಂದ ಕಟ್ಟಿಕೊಂಡ ಮನೆಗಳು, ಇಬ್ಬರು ಎದುರುಬದುರಾದರೆ ಒಬ್ಬರು ಗೋಡೆಗೆ ಅಂಟಿ ನಿಲ್ಲಬೇಕಾದ ಓಣಿಗಳು. ಹುಟ್ಟಿದ ಊರಿನಲ್ಲೇ ತಾನು ಕಾಲಿಟ್ಟಿರದ ಜಾಗಕ್ಕೆ ಅವರು ಪೋಸ್ಟ್‌ಮ್ಯಾನ್ ಆಗಿ ಹೋದರು. ಹೋದವರು ಅಲ್ಲೇ ಉಳಿದುಬಿಟ್ಟರು.

1997ರ ‘ಮೂಳೆಗಳು’ (ಮೂಲ ಹೆಸರು ‘ಓಸ್ಸೋಸ್’) ಅಲ್ಲಿ ತೆಗೆದ ಮೊದಲ ಚಿತ್ರ. ಎಳೆಯ ತಾಯಿ, ಕೂಸನ್ನು ಎತ್ತಿಕೊಂಡು ಭಿಕ್ಷೆಗೆ ಹೋಗುವ ತಂದೆ, ಮನೆಗೆಲಸದ ಹೆಂಗಸರು. 35 ಎಂಎಂ ಕ್ಯಾಮೆರಾ, ಫ್ರೆಂಚ್ ಛಾಯಾಗ್ರಾಹಕ ಎಮ್ಮಾನ್ಯುಯೆಲ್ ಮಾಶುಯೆಲ್, ಲಾರಿಗಟ್ಟಲೆ ಸಾಮಾನು, ಟ್ರಾಲಿ, ದೊಡ್ಡ ದೊಡ್ಡ ಲೈಟು. ಛಾಯಾಗ್ರಹಣಕ್ಕೆ ವೆನಿಸ್‌ನಲ್ಲಿ ಪ್ರಶಸ್ತಿಯೂ ಬಂತು. ಆದರೆ ಶೂಟಿಂಗ್ ನಡೆದ ರಾತ್ರಿಗಳನ್ನು ನೆನೆಸಿಕೊಳ್ಳಿ. ಬೆಳಗಿನ ಜಾವ ಎದ್ದು ಆಫೀಸು ಗುಡಿಸಲು, ಕಟ್ಟಡದ ಕೆಲಸಕ್ಕೆ ಬಸ್ಸು ಹಿಡಿಯಬೇಕಾದ ಜನ. ಅವರ ಕಿಟಕಿಗೆ ನಡುರಾತ್ರಿ ಹಗಲಿನಂಥ ಬೆಳಕು. ಕೋಸ್ಟಾ ಇದನ್ನು ಎಷ್ಟೋ ಸಂದರ್ಶನಗಳಲ್ಲಿ ಹೇಳಿಕೊಂಡಿದ್ದಾರೆ: ತಾನು ಇವರಿಗೆ ಕಾಟ ಕೊಡುತ್ತಿದ್ದೇನೆ ಅನ್ನಿಸಿ ಒಂದು ರಾತ್ರಿ ಲೈಟು ಆರಿಸಿಬಿಟ್ಟರಂತೆ. ಯಾವುದೋ ಸೌಂದರ್ಯಶಾಸ್ತ್ರ ಹೇಳಿಕೊಡದ ಪಾಠವನ್ನು ನಿದ್ದೆಗೆಟ್ಟ ಕೂಲಿಗಳು ಹೇಳಿಕೊಟ್ಟರು ಅನ್ನುವುದು ನನಗೆ ಬಹಳ ಇಷ್ಟ.

ಆ ಚಿತ್ರದಲ್ಲಿ ವಾಂಡಾ ದುವಾರ್ತೆ ಎಂಬ ಫೊಂತೈನ್ಯಾಸ್‌ನ ಹುಡುಗಿ ನಟಿಸಿದ್ದಳು. ಸಿನಿಮಾ ಅಂದರೆ ಇಷ್ಟೊಂದು ಸುಸ್ತಿನ ಕೆಲಸವೇ ಆಗಿರಬೇಕೆ, ಸುಮ್ಮನೆ ನನ್ನ ಕೋಣೆಗೆ ಬಂದು ಕೂತು ತೆಗೆಯಬಾರದೆ ಎಂಬ ಅರ್ಥದಲ್ಲಿ ಅವಳು ಕೇಳಿದಳಂತೆ. ಕೋಸ್ಟಾ ನಿಜಕ್ಕೂ ಹೋಗಿ ಕೂತರು. ನಿರ್ಮಾಪಕರು, ಯೂನಿಟ್ಟು, ಲಾರಿ ಎಲ್ಲ ಬಿಟ್ಟು, ಅಂಗಡಿಯಲ್ಲಿ ಸಿಗುವಂಥ ಪುಟ್ಟ ಪ್ಯಾನಾಸೋನಿಕ್ ಡಿವಿ ಕ್ಯಾಮೆರಾ ಹಿಡಿದು, ಬಸ್ಸಿನಲ್ಲಿ ನೌಕರಿಗೆ ಹೋಗುವವರ ಹಾಗೆ ದಿನಾ ಆ ಕೇರಿಗೆ. ಎಷ್ಟೋ ದಿನ ಒಬ್ಬರೇ. ಸುಮಾರು ಎರಡು ವರ್ಷ. ನೂರಕ್ಕೂ ಹೆಚ್ಚು ಗಂಟೆಗಳ ಟೇಪಿನಿಂದ ಹೊರಬಂದದ್ದು ಮೂರು ಗಂಟೆಯ ‘ವಾಂಡಾಳ ಕೋಣೆಯಲ್ಲಿ’, 2000ದಲ್ಲಿ.

ನಾನು ಅದನ್ನು ಮೊದಲು ನೋಡಿದ್ದು ಗೆಳೆಯನ ಮನೆಯ ಹಾಲಿನಲ್ಲಿ, ಕಿಟಕಿಗೆ ಬೆಡ್‌ಶೀಟ್ ಕಟ್ಟಿ, ಬಾಡಿಗೆ ಪ್ರೊಜೆಕ್ಟರ್‌ನಲ್ಲಿ. ಏಳು ಜನ ಕೂತಿದ್ದೆವು, ಮುಗಿಯುವಾಗ ಮೂವರಿದ್ದೆವು. ಅದರಲ್ಲಿ ಒಬ್ಬ ಮಲಗಿದ್ದ. ಹೀಗಾಗಿ ನಿಮ್ಮ ಮನೆಯವರ ಮೇಲೆ ನನಗೇನೂ ಸಿಟ್ಟಿಲ್ಲ.

ಆ ಚಿತ್ರದಲ್ಲಿ ಏನಾಗುತ್ತದೆ? ಮಂಚದ ಮೇಲೆ ವಾಂಡಾ ಮತ್ತವಳ ಸೋದರಿ ಜೀತಾ. ಫಾಯಿಲ್ ಕೆಳಗೆ ಲೈಟರ್ ಹಿಡಿದು ಹೆರಾಯಿನ್ ಹೊಗೆ ಎಳೆಯುತ್ತಾರೆ. ವಾಂಡಾ ಕೆಮ್ಮುತ್ತಾಳೆ. ಸಿನಿಮಾದ ಕೆಮ್ಮಲ್ಲ, ಕರುಳು ಕಿತ್ತು ಬರುವ ಕೆಮ್ಮು, ನೋಡುವವರ ಗಂಟಲೂ ಕೆರೆಯುತ್ತದೆ. ಆಮೇಲೆ ಅದೇ ವಾಂಡಾ ಎಲೆಕೋಸು, ಸೊಪ್ಪು ಹೊತ್ತು ಮನೆಮನೆಗೆ ಮಾರಲು ಹೋಗುತ್ತಾಳೆ. ಕ್ಯಾಮೆರಾ ಕದಲುವುದಿಲ್ಲ. ಆದರೆ ಕಿವಿಗೆ ಬಿಡುವಿಲ್ಲ: ಪಕ್ಕದ ಮನೆಯ ರೇಡಿಯೊ, ಯಾರೋ ಯಾರನ್ನೋ ಕೂಗುವುದು, ಮಕ್ಕಳ ಗಲಾಟೆ, ಇದೆಲ್ಲದರ ಹಿಂದೆ ದಡ್ ದಡ್ ಎಂದು ಗೋಡೆ ಬೀಳುವ ಸದ್ದು. ಆ ಎರಡು ವರ್ಷಗಳಲ್ಲೇ ಕೇರಿಯನ್ನು ಕೆಡವುತ್ತಿದ್ದರು, ಒಂದೊಂದೇ ಸಾಲು ಒಂದೊಂದೇ ಮನೆ. ಖಾಲಿಯಾದ ಮನೆಗಳಲ್ಲಿ ಹುಡುಗರು ಬಿಡಾರ ಹೂಡುತ್ತಾರೆ, ಅದೂ ಬೀಳುವ ದಿನ ಬಂದರೆ ಮುಂದಿನದಕ್ಕೆ ಹೋಗುತ್ತಾರೆ. ನಾಳೆ ನೆಲಸಮವಾಗುವ ಮನೆಯಲ್ಲಿ ಇವತ್ತು ಒಬ್ಬ ಹುಡುಗ ಕಸ ಗುಡಿಸಿ, ಮೇಜು ಒರೆಸಿ ಒಪ್ಪ ಮಾಡುತ್ತಾನೆ. ಇದಕ್ಕಿಂತ ದೊಡ್ಡ ಘಟನೆ ಆ ಮೂರು ಗಂಟೆಯಲ್ಲಿ ಇನ್ನೊಂದಿದೆ ಎಂದು ನನಗನ್ನಿಸುವುದಿಲ್ಲ.

ಇದನ್ನು ಸಾಕ್ಷ್ಯಚಿತ್ರ ಅನ್ನಬೇಕೋ ಕಥಾಚಿತ್ರ ಅನ್ನಬೇಕೋ ಎಂಬ ಜಗ್ಗಾಟ ಆಗಿನಿಂದ ನಡೆದೇ ಇದೆ. ಅವರು ಹೇಳುವ ಮಾತು ಅವರದ್ದೇ, ಬದುಕೂ ಅವರದ್ದೇ. ಆದರೆ ಒಂದು ಮಾತುಕತೆಯನ್ನು ಹತ್ತು ಸಲ, ಇಪ್ಪತ್ತು ಸಲ ಆಡಿ, ಬೇಡವಾದದ್ದನ್ನು ಬಿಟ್ಟು ಪಾಕಕ್ಕೆ ತರುತ್ತಾರೆ. ನಮ್ಮ ಭಾಷೆಯಲ್ಲಿ ಪಾತ್ರಕ್ಕೆ ಏಕವಚನ, ಪಾತ್ರಧಾರಿಗೆ ಬಹುವಚನ ಎಂಬ ಅನುಕೂಲ ಇದೆಯಲ್ಲ, ಕೋಸ್ಟಾ ಬಗ್ಗೆ ಬರೆಯುವಾಗ ಅದು ಕೈಕೊಡುತ್ತದೆ. ‘ವಾಂಡಾ ಕೆಮ್ಮುತ್ತಾಳೆ’ ಅನ್ನಲೋ ‘ಕೆಮ್ಮುತ್ತಾರೆ’ ಅನ್ನಲೋ? ನಾನು ಹೇಗೂ ಒಂದು ಹಿಡಿದು ಬರೆಯುತ್ತಿದ್ದೇನೆ, ತಪ್ಪು ತಿಳಿಯಬೇಡಿ.

ಮುಂದಿನ ವರ್ಷ ಅವರು ಒಂದು ಎಡಿಟಿಂಗ್ ರೂಮಿನಲ್ಲಿ ಕೂತು ಇನ್ನೊಂದು ಚಿತ್ರ ತೆಗೆದರು. ಜಾನ್‌ಮಾರಿ ಸ್ಟ್ರೋಬ್ ಮತ್ತು ದಾನಿಯೆಲ್ ಯುಯೇ ಎಂಬ ಗಂಡಹೆಂಡಿರು, ಇಬ್ಬರೂ ನಿರ್ದೇಶಕರು, ತಮ್ಮ ‘ಸಿಸಿಲಿಯಾ!’ ಚಿತ್ರವನ್ನು ಸಂಕಲನ ಮಾಡುತ್ತಿರುವುದು. ಯುಯೇ ಯಂತ್ರದ ಮುಂದೆ ಕೂತು ಒಂದು ಫ್ರೇಮು ಹಿಂದೆ, ಒಂದು ಫ್ರೇಮು ಮುಂದೆ ತಿರುಗಿಸುತ್ತಾರೆ. ಸ್ಟ್ರೋಬ್ ಬಾಗಿಲು ತೆರೆದು ಹೊರಗೆ ಹೋಗಿ ಬಂದು ಭಾಷಣ ಮಾಡುತ್ತಾರೆ, ಬೈಸಿಕೊಳ್ಳುತ್ತಾರೆ. ಒಬ್ಬ ನಟನ ಕಣ್ಣಿನಲ್ಲಿ ನಗು ಹುಟ್ಟುವ ಕ್ಷಣ ಯಾವ ಫ್ರೇಮಿನಲ್ಲಿದೆ ಎಂದು ಜಗಳ. ಸಿನಿಮಾ ಕಲಿಯುವವರಿಗೆ ನಾನು ಕೊಡುವ ಮೊದಲ ಚಿತ್ರ ಇದು. ನೋಡಿ ನಗಬಹುದು ಕೂಡ, ಕೋಸ್ಟಾ ಪಟ್ಟಿಯಲ್ಲಿ ಅದು ಅಪರೂಪ.

ಅಷ್ಟರಲ್ಲಿ ಫೊಂತೈನ್ಯಾಸ್ ಮುಗಿದಿತ್ತು. ಜನರನ್ನು ಕಸಾಲ್ ದ ಬೋಬಾ ಎಂಬಲ್ಲಿಯ ಸರ್ಕಾರಿ ಫ್ಲ್ಯಾಟುಗಳಿಗೆ ಸಾಗಿಸಿದರು. ಕೋಸ್ಟಾ ಅವರ ಹಿಂದೆಯೇ ಹೋದರು. 2006ರ ‘ಜುವೆಂತೂದ್ ಎಂ ಮಾರ್ಶಾ’ ಹುಟ್ಟಿದ್ದು ಅಲ್ಲಿ. ಮುಂದೆ ಸಾಗುವ ಯುವಜನ ಎಂಬ ಅರ್ಥ, ಹಳೆಯ ಘೋಷಣೆಯ ಧಾಟಿ. ಇಂಗ್ಲಿಷ್‌ನಲ್ಲಿ ಅದಕ್ಕೆ ‘ಕಲೋಸಲ್ ಯೂತ್’ ಎಂದು ಹೆಸರು, 1980ರ ಒಂದು ರಾಕ್ ಆಲ್ಬಮ್‌ನ ಹೆಸರದು. ಪಂಕ್ ಹುಡುಗ ಹೋಗಿಲ್ಲ.

ಇಲ್ಲಿ ಬರುತ್ತಾನೆ ವೆಂತೂರಾ. ಕೇಪ್ ವರ್ಡ್‌ನಿಂದ ಬಂದ ನಿವೃತ್ತ ಗಾರೆ ಕೆಲಸದವನು. ಎತ್ತರದ ಆಳು, ಕಪ್ಪು ಸೂಟು, ಕೈ ಸ್ವಲ್ಪ ನಡುಗುತ್ತದೆ. ಹೆಂಡತಿ ಸಾಮಾನೆಲ್ಲ ಕಿಟಕಿಯಿಂದ ಹೊರಗೆಸೆದು ಬಿಟ್ಟುಹೋಗಿದ್ದಾಳೆ. ಹಳೆಯ ಕೇರಿಗೂ ಹೊಸ ಫ್ಲ್ಯಾಟಿಗೂ ಓಡಾಡುತ್ತಾ ಎಲ್ಲರನ್ನೂ ತನ್ನ ಮಕ್ಕಳೆಂದು ಕರೆಯುತ್ತಾನೆ. ಹೊಸ ಮನೆ ತೋರಿಸಲು ಬಂದ ಗುಮಾಸ್ತನಿಗೆ ಮಕ್ಕಳು ಬಹಳ, ಕೋಣೆ ಸಾಲದು ಅನ್ನುತ್ತಾನೆ. ಬಿಳಿ ಗೋಡೆಯ ಮುಂದೆ ಅವನು ನಿಂತರೆ ಅವನೇ ಗೋಡೆಗೆ ಬಿದ್ದ ಕಲೆಯ ಹಾಗೆ ಕಾಣುತ್ತಾನೆ. ಹಳೆಯ ಕೇರಿಯಲ್ಲಿ ಅವನೂ ಬೇತೆ ಎಂಬ ಹೆಣ್ಣುಮಗಳೂ ಕೂತು ಗೋಡೆಯ ತೇವದ ಕಲೆಗಳಲ್ಲಿ ಆಕಾರ ಹುಡುಕುತ್ತಾರೆ. ಅದು ಕೋಳಿ, ಇದು ಮನುಷ್ಯ ಎಂದು ಮಕ್ಕಳಾಟದ ಹಾಗೆ. ಬಿಳಿ ಕೋಣೆ ಕೊಟ್ಟ ಮೇಲೆ ಇದೆಲ್ಲ ಕಾಣುವುದಿಲ್ಲ ಎಂಬ ಮಾತು ಅಲ್ಲಿ ಬರುತ್ತದೆ. ಕೆಡವಿ ಪಕ್ಕಾ ಮನೆ ಕೊಟ್ಟರಲ್ಲ, ಒಳ್ಳೆಯದೇ ಆಯಿತಲ್ಲ ಅನ್ನುವವರಿಗೆ ಕೋಸ್ಟಾ ಕೊಡುವ ಉತ್ತರ ಇಷ್ಟೇ. ಹಳೆಯ ಕೇರಿ ಸ್ವರ್ಗವಾಗಿತ್ತು ಎಂದು ಅವರು ಎಲ್ಲೂ ಹೇಳುವುದಿಲ್ಲ.

ಇದರಲ್ಲೇ ಇನ್ನೊಂದು ದೃಶ್ಯ. ವೆಂತೂರಾ ಲಿಸ್ಬನ್‌ನ ಗುಲ್ಬೆಂಕಿಯನ್ ಮ್ಯೂಸಿಯಂನಲ್ಲಿ ಹಳೆಯ ಚಿತ್ರಕಾರ ರೂಬೆನ್ಸ್‌ನ ಚಿತ್ರದ ಪಕ್ಕದ ಗೋಡೆಗೆ ಒರಗಿ ನಿಂತಿದ್ದಾನೆ. ಕಾವಲುಗಾರ ಬಂದು ಕಿವಿಯಲ್ಲೇನೋ ಉಸುರುತ್ತಾನೆ. ವೆಂತೂರಾ ಸರಿಯುತ್ತಾನೆ. ಕಾವಲುಗಾರ ಕರವಸ್ತ್ರ ತೆಗೆದು ಅವನು ನಿಂತಿದ್ದ ನೆಲವನ್ನು ಒರೆಸುತ್ತಾನೆ. ಆ ಕಾವಲುಗಾರನೂ ವೆಂತೂರಾನಂತೆಯೇ ವಲಸಿಗ, ಬೈಯುವುದಿಲ್ಲ, ಮೆತ್ತಗೆ ಹೊರಗೆ ಕರೆದೊಯ್ಯುತ್ತಾನೆ. ಹೊರಗೆ ತೋಟದಲ್ಲಿ ಕೂತು ವೆಂತೂರಾ ಹೇಳುವುದು, ಈ ಜಾಗ ಕಟ್ಟಿದವರಲ್ಲಿ ತಾನೂ ಒಬ್ಬ ಎಂದು. ಕಟ್ಟಿದವನ ಹೆಜ್ಜೆಗುರುತನ್ನು ಕಟ್ಟಡದಿಂದ ಒರೆಸುವುದು. ನಮ್ಮ ಓದುಗರಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ ಅಂದುಕೊಂಡಿದ್ದೇನೆ.

ಈ ಚಿತ್ರದಲ್ಲಿ ಒಂದು ಕಾಗದವೂ ಇದೆ. ಬರೆಯಲು ಬಾರದ ಗೆಳೆಯ ಲೆಂತೊಗೆ ಊರಿನ ಹೆಂಡತಿಗೆ ಕಾಗದ ಬರೆಸಬೇಕು. ವೆಂತೂರಾ ಬಾಯಿಪಾಠ ಹೇಳಿಕೊಡುತ್ತಾನೆ, ಮತ್ತೆ ಮತ್ತೆ. ಲಕ್ಷ ಸಿಗರೇಟು, ಹೊಸ ಬಟ್ಟೆ, ಒಂದು ಕಾರು, ನೀನು ಆಸೆಪಟ್ಟ ಲಾವಾದ ಪುಟ್ಟ ಮನೆ, ಪುಡಿಗಾಸಿನ ಹೂಗುಚ್ಛ ಇದೆಲ್ಲ ನಿನಗೆ ಕೊಡುವ ಆಸೆ ಎಂದು ಸಾಗುವ ಕಾಗದ. ಲೆಂತೊಗೆ ಅದು ಬಾಯಿಗೆ ಬರುವುದೇ ಇಲ್ಲ. ಆ ಕಾಗದದ ಅರ್ಧ ವಲಸಿಗರ ನಿಜವಾದ ಕಾಗದಗಳಿಂದ ಬಂದದ್ದು, ಇನ್ನರ್ಧ ಫ್ರೆಂಚ್ ಕವಿ ರೋಬೆರ್ ದೆಸ್ನೋಸ್ ನಾಜಿಗಳ ಸೆರೆಯಲ್ಲಿದ್ದಾಗ ಸಂಗಾತಿಗೆ ಬರೆದದ್ದರಿಂದ. ‘ಲಾವಾ ಮನೆ’ಯಲ್ಲೂ ಅದೇ ಕಾಗದ ಬಂದಿತ್ತು. ಪೋಸ್ಟ್‌ಮ್ಯಾನ್ ಕೆಲಸ ಇನ್ನೂ ಮುಗಿದಿಲ್ಲ ಅನ್ನಿ.

ಕಾನ್ ಉತ್ಸವದ ಸ್ಪರ್ಧೆಯಲ್ಲಿ ಇದು ಓಡಿದಾಗ ಜನ ಸಾಲುಸಾಲಾಗಿ ಎದ್ದು ಹೋದರು. ಹೀಗೆ ಎದ್ದು ಹೋಗುವವರ ಪರಂಪರೆ ಹಳೆಯದು, ನಿಮ್ಮ ಮನೆಯವರಿಗೆ ತಿಳಿಸಿ. ಅದೇ ಹೊತ್ತಿಗೆ ಫ್ರೆಂಚ್ ತತ್ವಜ್ಞಾನಿ ಜಾಕ್ ರಾನ್ಸಿಯೇರ್ ಅಂಥವರು ಈ ಚಿತ್ರದ ಮೇಲೆ ಪುಟಗಟ್ಟಲೆ ಬರೆದರು.

ಈಗ ಕೆಲಸದ ಬಗೆಗೆ ಬರೋಣ, ಶೈಲಿ ಎಂಬ ಪದ ಬಿಟ್ಟು. ನಾಲ್ಕೈದು ಜನರ ತಂಡ. ಅಗಲವಲ್ಲದ, ಹಳೆಯ ಟಿವಿಯ ಆಕಾರದ ಚೌಕಟ್ಟು. ಕಡಿಮೆ ಎತ್ತರದ ಟ್ರೈಪಾಡ್ ಮೇಲೆ ಅಲುಗದ ಕ್ಯಾಮೆರಾ. ಬೆಳಕಿಗೆ ಕಿಟಕಿ, ಬಾಗಿಲು, ಕನ್ನಡಿ, ಬೆಳಕು ತಿರುಗಿಸುವ ಹಾಳೆ. ಓಣಿಯಲ್ಲಿ ಬಿದ್ದ ಒಂದು ತುಂಡು ಬಿಸಿಲನ್ನು ಕನ್ನಡಿಯಿಂದ ಹಿಡಿದು ಒಳಗಿನ ಕೋಣೆಗೆ ಕಳಿಸುವುದು. ನಾವು ಚಿಕ್ಕವರಿದ್ದಾಗ ಕ್ಲಾಸಿನಲ್ಲಿ ಗಡಿಯಾರದ ಗಾಜಿನಿಂದ ಮೇಷ್ಟ್ರ ಮುಖಕ್ಕೆ ಬಿಡುತ್ತಿದ್ದೆವಲ್ಲ, ಅದೇ ವಿದ್ಯೆ. ಹಾಗೆ ಬಂದ ಬೆಳಕು ಇಡೀ ಕೋಣೆ ತುಂಬುವುದಿಲ್ಲ, ಒಂದು ಕೆನ್ನೆ, ಒಂದು ಕೈ, ಒಂದು ಸೀಸೆಯ ಕುತ್ತಿಗೆ ಬೆಳಗಿ ಉಳಿದದ್ದು ಕತ್ತಲಲ್ಲೇ ಉಳಿಯುತ್ತದೆ. ಯಾರಿಗೂ ತೊಂದರೆಯಾಗದ ಬೆಳಕು ಇಷ್ಟೇ. ಮೊದಲು ಅದು ನೆರೆಹೊರೆಯ ಮರ್ಯಾದೆ, ಆಮೇಲೆ ಶೈಲಿ ಎಂದು ಹೆಸರಾಯಿತು. ಹಣ ಕಡಿಮೆಯಾದಷ್ಟೂ ದಿನಗಳು ಹೆಚ್ಚು ಸಿಗುತ್ತವೆ ಎಂಬ ಲೆಕ್ಕವೂ ಇದರಲ್ಲಿದೆ. ದೊಡ್ಡ ಯೂನಿಟ್ಟಿನಲ್ಲಿ ಆರು ವಾರಕ್ಕೆ ಮುಗಿಯುವ ದುಡ್ಡು ನಾಲ್ಕು ಜನರಿದ್ದರೆ ವರ್ಷಗಟ್ಟಲೆ ಬರುತ್ತದೆ.

ಆದರೆ ಇಲ್ಲಿ ನನಗೊಂದು ತಕರಾರಿದೆ, ಅದು ನಿಮ್ಮ ಮೂರನೆಯ ಪ್ರಶ್ನೆಗೆ ಹತ್ತಿರದ್ದು. 2014ರ ‘ಕವಾಲು ದಿನ್ಯೈರು’ ಬರುವ ಹೊತ್ತಿಗೆ ಕೇರಿಯೇ ಇಲ್ಲ. ನಿದ್ದೆ ಕೆಡುವ ನೆರೆಯವರೂ ಇಲ್ಲ. ಕತ್ತಲೆ ಮಾತ್ರ ಉಳಿದಿದೆ, ಮೊದಲಿಗಿಂತ ಕಪ್ಪಾಗಿ, ಮೊದಲಿಗಿಂತ ಚೆಂದವಾಗಿ. ಆಸ್ಪತ್ರೆಯಂಥ ಸುರಂಗಗಳಲ್ಲಿ ವೆಂತೂರಾ ಅಲೆಯುತ್ತಾನೆ, ಲಿಫ್ಟಿನಲ್ಲಿ ಪ್ರತಿಮೆಯಂಥ ಸೈನಿಕನೊಬ್ಬನ ಜೊತೆ ವಾದಿಸುತ್ತಾನೆ. ಹೆಸರಿನ ಅರ್ಥ ಹಣ ಎಂಬ ಕುದುರೆ. ಊರಿನಲ್ಲಿ ವೆಂತೂರಾ ಬಿಟ್ಟುಬಂದ ಕುದುರೆಯ ಹೆಸರು ದಿನ್ಯೈರು, ಅಂದರೆ ದುಡ್ಡು. ಅದನ್ನು ರಣಹದ್ದುಗಳು ತಿಂದವಂತೆ. ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಿರ್ದೇಶಕ ಪ್ರಶಸ್ತಿ ಇದಕ್ಕೇ ಬಂತು. ನನಗೆ ಇದರ ಕೆಲವು ಭಾಗಗಳಲ್ಲಿ ಮನುಷ್ಯರು ಮೂರ್ತಿಗಳಾಗಿಬಿಟ್ಟರು ಅನ್ನಿಸುತ್ತದೆ. ನಿರ್ದೇಶಕರಿಗೆ ತಮ್ಮ ಕತ್ತಲೆಯ ಮೇಲೆ ಮೋಹ ಹುಟ್ಟಿತೋ ಏನೋ.

ಹಾಗಂತ ಬಿಟ್ಟುಬಿಡುವ ಚಿತ್ರವೂ ಅಲ್ಲ. ಅದರ ಹಿಂದೆ ಇರುವ ಸಂಗತಿ ದೊಡ್ಡದು. 1974ರ ಏಪ್ರಿಲ್ 25ರಂದು ಪೋರ್ಚುಗಲ್‌ನಲ್ಲಿ ಸೈನಿಕರು ಸರ್ವಾಧಿಕಾರವನ್ನು ಕಿತ್ತೊಗೆದರು, ಜನ ಬಂದೂಕಿನ ನಳಿಗೆಗೆ ಕೆಂಪು ಹೂ ಸಿಕ್ಕಿಸಿದರು. ಹದಿಹರೆಯದ ಕೋಸ್ಟಾ ಬೀದಿಯಲ್ಲಿ ಘೋಷಣೆ ಕೂಗುತ್ತಿದ್ದರು. ವರ್ಷಗಳಾದ ಮೇಲೆ ವೆಂತೂರಾ ಬಾಯಲ್ಲಿ ಕೇಳಿದರು: ಅದೇ ದಿನಗಳಲ್ಲಿ, ಅದೇ ಊರಿನಲ್ಲಿ, ವೆಂತೂರಾ ಮತ್ತವನ ಜೊತೆಯ ಕೂಲಿಗಳು ಆ ಸೈನಿಕರಿಗೆ ಹೆದರಿ ಪೊದೆಗಳಲ್ಲಿ ಅಡಗಿದ್ದರು. ಒಬ್ಬನ ಹಬ್ಬ ಇನ್ನೊಬ್ಬನ ದಿಗಿಲು. ಇದನ್ನು ಕೇಳಿದ ಮೇಲೆ ಆ ಲಿಫ್ಟಿನ ದೃಶ್ಯ ಬೇರೆಯೇ ಆಗಿ ಕಾಣುತ್ತದೆ.

ಇನ್ನು ನೀವು ನೋಡಿದ ಚಿತ್ರ. ‘ಕವಾಲು ದಿನ್ಯೈರು’ಗಾಗಿ ಕೋವಾ ದ ಮೌರಾ ಎಂಬ ಇನ್ನೊಂದು ಕೇರಿಯಲ್ಲಿ ಮನೆ ಹುಡುಕುವಾಗ ಬಾಗಿಲು ತೆರೆದವರು ವಿತಾಲಿನಾ ವಾರೆಲಾ. ಗಂಡ ಜೊವಾಕಿಂ ದುಡಿಯಲು ಲಿಸ್ಬನ್‌ಗೆ ಹೋದವನು, ಟಿಕೆಟ್ ಕಳಿಸುತ್ತಾನೆಂದು ಈಕೆ ಕಾದದ್ದು ಹತ್ತಿರ ಹತ್ತಿರ ಇಪ್ಪತ್ತೈದು ವರ್ಷ. ಕೊನೆಗೆ ಬಂದಿಳಿದದ್ದು ಅವನ ಮಣ್ಣಾಗಿ ಮೂರು ದಿನಕ್ಕೆ. ಮೊದಲು ಆ ಚಿತ್ರದಲ್ಲಿ ಪಿಸುಮಾತಿನ ಒಂದು ಪಾತ್ರವಾಗಿ ಬಂದರು, 2019ರಲ್ಲಿ ಅವರದೇ ಹೆಸರಿನ ಚಿತ್ರವಾಯಿತು. ಚಿತ್ರಕಥೆಯಲ್ಲಿ ಕೋಸ್ಟಾ ಜೊತೆ ಅವರ ಹೆಸರೂ ಇದೆ. ಲೊಕಾರ್ನೊದ ಮೊದಲ ಬಹುಮಾನವಾದ ಚಿನ್ನದ ಚಿರತೆಯ ಜೊತೆಗೆ ಅತ್ಯುತ್ತಮ ನಟಿ ಪ್ರಶಸ್ತಿಯೂ ಅವರಿಗೇ ಬಂತು.

ವಿಮಾನದ ಬಾಗಿಲು ತೆರೆಯುವ ದೃಶ್ಯ ನೆನಪಿದೆಯಲ್ಲ? ಮೊದಲು ಕಾಣುವುದು ಬರಿಗಾಲು. ಏಣಿಯ ಮೆಟ್ಟಿಲ ಮೇಲೆ ಹನಿ ತೊಟ್ಟಿಕ್ಕುತ್ತದೆ. ಕೆಳಗೆ ಕಾಯುತ್ತಿರುವವರು ಬಂಧುಗಳಲ್ಲ, ವಿಮಾನ ನಿಲ್ದಾಣದ ಕಸ ಗುಡಿಸುವ ಹೆಂಗಸರು, ಕೈಯಲ್ಲಿ ಪೊರಕೆ ಬಕೆಟ್ಟು. ತಡವಾಗಿ ಬಂದೆ, ನಿನ್ನ ಗಂಡನ ಮಣ್ಣಾಗಿ ಮೂರು ದಿನವಾಯಿತು, ಇಲ್ಲಿ ನಿನಗೇನೂ ಇಲ್ಲ, ತಿರುಗಿ ಹೋಗು ಅನ್ನುತ್ತಾರೆ. ವಿತಾಲಿನಾ ತಿರುಗಿ ಹೋಗುವುದಿಲ್ಲ. ಅವನ ಮನೆಗೆ ಹೋಗಿ ಉಳಿಯುತ್ತಾಳೆ, ಸತ್ತವನ ಜೊತೆ ಜಗಳ ತೆಗೆಯುತ್ತಾಳೆ. ಸ್ನಾನ ಮಾಡುವಾಗ ಸೂರಿನ ಚೂರು ತಲೆಯ ಮೇಲೆ ಬೀಳುತ್ತದೆ. ಊರಿನಲ್ಲಿ ತಾವಿಬ್ಬರೂ ಸೇರಿ ಕಟ್ಟಿದ ಗಟ್ಟಿ ಮನೆಯೆಲ್ಲಿ, ನೀನೊಬ್ಬನೇ ಕಟ್ಟಿದ ಈ ಕಳಪೆ ಗುಡಿಸಲೆಲ್ಲಿ ಎಂಬುದು ಅವಳ ದೂರು. ಗಾರೆ ಕೆಲಸದವನ ಹೆಂಡತಿಗೆ ಸಿಟ್ಟು ತೋಡಿಕೊಳ್ಳಲು ಸಿಕ್ಕ ಭಾಷೆ ನೋಡಿ: ನಿನ್ನ ಕೆಲಸ ನೆಟ್ಟಗಿಲ್ಲ.

ಮಾರುವ ಕೆಲಸವೇ ಎಂದು ಕೇಳಿದಿರಿ. ಕಷ್ಟವನ್ನು ಮಾರುವವರು ನಮ್ಮನ್ನು ಅಳಿಸುತ್ತಾರೆ, ಅತ್ತ ಮೇಲೆ ನಮಗೆ ಹಗುರಾಗುತ್ತದೆ, ಎದ್ದು ಕಾಫಿ ಕುಡಿಯುತ್ತೇವೆ. ವಿತಾಲಿನಾ ನಿಮ್ಮ ಕನಿಕರವನ್ನು ಒಮ್ಮೆಯಾದರೂ ಕೇಳಿದಳೇ? ನಿಮ್ಮ ಕಡೆ ನೋಡಿದಳೇ? ಅವಳ ವ್ಯವಹಾರವೆಲ್ಲ ಸತ್ತವನ ಜೊತೆ, ಅದೂ ಅವಳ ಊರಿನ ಕ್ರಿಯೋಲು ಮಾತಿನಲ್ಲಿ. ಇನ್ನೊಂದು, ಇದು ಕ್ಯಾಮೆರಾ ಹೊತ್ತು ಹೋಗಿ ಒಂದು ಸೀಸನ್‌ನಲ್ಲಿ ತಂದ ಸರಕಲ್ಲ. ‘ಮೂಳೆಗಳು’ ಚಿತ್ರದಿಂದ ಲೆಕ್ಕ ಹಾಕಿದರೆ 22 ವರ್ಷ ಅದೇ ಜನ. ವೆಂತೂರಾ ಇಲ್ಲಿ ನಂಬಿಕೆ ಕಳಕೊಂಡ, ಭಕ್ತರಿಲ್ಲದ ಚರ್ಚಿನ ಪಾದ್ರಿ. ವಾಂಡಾ ‘ಜುವೆಂತೂದ್’ನಲ್ಲಿ ಚಟ ಬಿಡಿಸುವ ಔಷಧಿ ತೆಗೆದುಕೊಳ್ಳುತ್ತಾ ಮಗಳನ್ನು ಸಾಕುವ ತಾಯಿ. ನೆಂಟರ ಆಲ್ಬಮ್ ಹಾಗೆ ಒಂದರಿಂದ ಒಂದಕ್ಕೆ ಅವರು ವಯಸ್ಸಾಗುತ್ತಾ ಬರುತ್ತಾರೆ. ‘ವಾಂಡಾಳ ಕೋಣೆಯಲ್ಲಿ’ ಚಿತ್ರದ ಫಾಯಿಲ್, ಲೈಟರ್‌ಗಳನ್ನು ನೋಡುವಾಗ ಮಾತ್ರ ನಿಮ್ಮ ಪ್ರಶ್ನೆ ನನ್ನ ಬೆನ್ನಿಗೂ ಚುಚ್ಚುತ್ತದೆ, ಅದನ್ನು ಮುಚ್ಚಿಡುವುದಿಲ್ಲ.

ನಡುವೆ ಹಾಡುಗಾತಿ ಜಾನ್ ಬಾಲಿಬಾರ್ ಬಗ್ಗೆ 2009ರ ಕಪ್ಪು ಬಿಳುಪಿನ ಚಿತ್ರವಿದೆ, ಸಂಗೀತದ ತಾಲೀಮು ಇಷ್ಟವಿದ್ದರೆ ನೋಡಿ. 2023ರಲ್ಲಿ ಕಾನ್‌ಗೆ ಬಂದ ‘ಬೆಂಕಿಯ ಹೆಣ್ಣುಮಕ್ಕಳು’ ಒಂಬತ್ತೇ ನಿಮಿಷದ್ದು, ಪರದೆ ಮೂರು ಭಾಗ, ಮೂವರು ಹೆಂಗಸರು ಹಾಡುತ್ತಾರೆ. ಪೋರ್ಚುಗಲ್ ಸಿನಿಮಾ ಅಂದರೆ ಇದೊಂದೇ ಬಗೆ ಎಂದೂ ತಿಳಿಯಬೇಡಿ. 2024ರಲ್ಲಿ ಕಾನ್‌ನಲ್ಲಿ ಅತ್ಯುತ್ತಮ ನಿರ್ದೇಶಕ ಎನಿಸಿಕೊಂಡ ಮಿಗೆಲ್ ಗೋಮೆಸ್ ಇದಕ್ಕೆ ಪೂರ್ತಿ ತದ್ವಿರುದ್ಧ, ತುಂಟತನದ ಮನುಷ್ಯ. ಮನೆಯವರನ್ನು ಮತ್ತೆ ಕೂರಿಸಬೇಕಿದ್ದರೆ ಅವರ ‘ತಬು’ ಹಾಕಿ.

ನಿಮಗೆ ಮುಂದಿನದು ‘ಮೂಳೆಗಳು’. ಒಂದೂವರೆ ಗಂಟೆಯ ಚಿತ್ರ, ಕಥೆಯ ಎಳೆ ಕೈಗೆ ಸಿಗುತ್ತದೆ, ಲೈಟು ಇನ್ನೂ ಆರಿರದ ಕಾಲದ್ದು. ಆಮೇಲೆ ವಾಂಡಾ. ಅದನ್ನು ಒಂದೇ ಸಲ ನೋಡಲೇಬೇಕೆಂದಿಲ್ಲ, ದಿನಕ್ಕೊಂದು ಗಂಟೆಯಂತೆ ಮೂರು ದಿನ ನೋಡಿದರೂ ನಡೆದೀತು. ಪಂಡಿತರು ಒಪ್ಪಲಿಕ್ಕಿಲ್ಲ, ಬಿಡಿ. ಅದಾದ ಮೇಲೆ ವೆಂತೂರಾ.

ಅಷ್ಟೂ ಆದ ಮೇಲೆ ‘ವಿತಾಲಿನಾ’ ಇನ್ನೊಮ್ಮೆ ಹಾಕಿ. ರಾತ್ರಿ, ಮನೆಯ ದೀಪವೆಲ್ಲ ಆರಿಸಿ, ಸೆಟ್‌ಟಾಪ್ ಬಾಕ್ಸ್‌ನ ಕೆಂಪು ಚುಕ್ಕಿಯ ಮೇಲೂ ಒಂದು ಬಟ್ಟೆ ಹಾಕಿ. ಹತ್ತು ನಿಮಿಷಕ್ಕೆ ಕಣ್ಣು ಹೊಂದಿಕೊಳ್ಳುತ್ತದೆ. ಮೊದಲ ದೃಶ್ಯದ ಆ ಉದ್ದನೆಯ ಗೋಡೆಯ ಮೇಲೆ ಸಾಲಾಗಿ ಶಿಲುಬೆಗಳಿವೆ, ಅದು ಸ್ಮಶಾನದ ಗೋಡೆ, ಕತ್ತಲಲ್ಲಿ ನಡೆದು ಬರುವವರು ಜೊವಾಕಿಂನನ್ನು ಮಣ್ಣು ಮಾಡಿ ಬರುತ್ತಿರುವವರು. ಏರಿಸಿದ ಬ್ರೈಟ್‌ನೆಸ್‌ನಲ್ಲಿ ನಿಮಗೆ ಆ ಶಿಲುಬೆಗಳು ಕಂಡಿದ್ದವೋ ಇಲ್ಲವೋ, ಬರೆದು ತಿಳಿಸಿ.